ಕಮ್ಮಾರನ ಮಗಳ ಎರಡು ಶಾಲು

1787ರ ಮಾರ್ಚ್. ಇಟಲಿಯ ನೇಪಲ್ಸ್ ಪಟ್ಟಣ. ಹೊರಗೆ ಸಮುದ್ರ, ಅದರಾಚೆ ಹೊಗೆಯುಗುಳುವ ವಿಸೂವಿಯಸ್. ಬ್ರಿಟಿಷ್ ರಾಯಭಾರಿಯ ಮನೆಯಲ್ಲಿ ಅತಿಥಿಗಳು ಸೇರಿದ್ದಾರೆ. ಮನೆಯ ಯಜಮಾನ, ಐವತ್ತು ದಾಟಿದ ದೊಡ್ಡ ಮನುಷ್ಯ, ಆಳಿನ ಹಾಗೆ ತಾನೇ ದೀಪ ಹಿಡಿದು ನಿಂತಿದ್ದಾನೆ. ಇಪ್ಪತ್ತೊಂದರ ಹುಡುಗಿಯೊಬ್ಬಳು ಒಳಗೆ ಬರುತ್ತಾಳೆ. ಮೈಮೇಲೆ ಗ್ರೀಕ್ ಶಿಲ್ಪಗಳಲ್ಲಿ ಕಾಣುವಂಥ ಸಡಿಲ ನಿಲುವಂಗಿ. ಬಿಚ್ಚಿದ ಕೂದಲು. ಕೈಯಲ್ಲಿ ಎರಡು ಶಾಲು. ಅಷ್ಟೇ!

ಶಾಲನ್ನು ತಲೆಮೇಲೆ ಎಳೆದುಕೊಂಡು ತುಸು ಬಾಗಿದಳೋ, ಗಂಡನ ಚಿತಾಭಸ್ಮದ ಮುಂದೆ ಕೂತ ವಿಧವೆ. ಅದೇ ಶಾಲು ಹೆಗಲಿಂದ ಜಾರಿತೋ, ಮದವೇರಿ ಕುಣಿಯುವ ಬಾಕಸ್ ದೇವನ ದಾಸಿ. ಮೊಣಕಾಲೂರಿದಳು, ದೇವರ ಮುಂದೆ ತಪ್ಪೊಪ್ಪಿಕೊಳ್ಳುವ ಪಾಪಿ. ಎದ್ದು ನಿಂತಳು, ಭವಿಷ್ಯ ನುಡಿಯುವ ಸಿಬಿಲ್. ಮಾತಿಲ್ಲ, ರಂಗಸಜ್ಜಿಕೆಯಿಲ್ಲ. ಒಂದು ಭಂಗಿಯಿಂದ ಇನ್ನೊಂದಕ್ಕೆ ಕಣ್ಣು ಮಿಟುಕಿಸುವಷ್ಟು ಹೊತ್ತು. ನೋಡುತ್ತ ಕೂತವರಲ್ಲಿ ಒಬ್ಬ ಜರ್ಮನ್ ಕವಿ ಇದ್ದ. ಜಗತ್ತಿನಲ್ಲಿ ಯಾವುದಕ್ಕೂ ಸುಲಭಕ್ಕೆ ಬೆರಗಾಗದ ಆ ಮನುಷ್ಯ ಇದು ಕನಸೇ ಸರಿ ಎಂಬಂತೆ ದಿನಚರಿಯಲ್ಲಿ ಬರೆದಿಟ್ಟ. ಸಾವಿರಾರು ಕಲಾವಿದರು ಕಲ್ಪಿಸಿಕೊಳ್ಳಲು ಒದ್ದಾಡಿದ್ದು ಇಲ್ಲಿ ಉಸಿರಾಡುತ್ತ ಚಲಿಸುತ್ತಿದೆ ಎಂಬ ವಿಸ್ಮಯ ಅವನದು. ಅವನು ಗಯಟೆ!

ಸರಿ, ಗಯಟೆಯನ್ನು ಹೀಗೆ ಕೂರಿಸಿದವಳು ಯಾರು? ಯಾವ ರಾಜಮನೆತನದವಳು, ಯಾವ ನಾಟಕಶಾಲೆಯಲ್ಲಿ ಕಲಿತವಳು? ಅದನ್ನು ಹುಡುಕಿಕೊಂಡು ಹೋದರೆ ಸಿಗುವುದು ಇಂಗ್ಲೆಂಡಿನ ವಾಯವ್ಯ ಮೂಲೆಯ ನೆಸ್ ಎಂಬ ಕಲ್ಲಿದ್ದಲ ಹಳ್ಳಿ. ಅಲ್ಲಿನ ಕಮ್ಮಾರ ಹೆನ್ರಿ ಲಯನ್‌ನ ಮಗಳು ಏಮಿ ಲಯನ್. ಹುಟ್ಟಿದ್ದು 1765ರಲ್ಲಿ. ಮಗುವಿಗೆ ಎರಡು ತಿಂಗಳಾಗುವ ಹೊತ್ತಿಗೆ ಅಪ್ಪ ತೀರಿಕೊಂಡ. ಅಮ್ಮ ಮೇರಿ ಕೂಸನ್ನೆತ್ತಿಕೊಂಡು ವೇಲ್ಸ್‌ನ ಹಾವರ್ಡನ್ ಎಂಬ ಊರಿನ ತವರಿಗೆ ಬಂದಳು. ಅಜ್ಜಿ ಸಾಕಿದಳು. ಶಾಲೆ ಎಂಬುದು ಹೆಸರಿಗೂ ಇಲ್ಲ. ಹನ್ನೆರಡು ತುಂಬುವ ಹೊತ್ತಿಗೆ ಊರಿನ ವೈದ್ಯರ ಮನೆಯಲ್ಲಿ ಕೆಲಸದ ಹುಡುಗಿ. ಆಮೇಲೆ ಲಂಡನ್ನು. ಅಲ್ಲೂ ಕಸ ಮುಸುರೆಯೇ.

ಲಂಡನ್ನಿನಲ್ಲಿ ಬಡ ಹುಡುಗಿಯೊಬ್ಬಳು ಚೆಲುವೆಯಾಗಿರುವುದೆಂದರೆ ಏನೆಂದು ಬಿಡಿಸಿ ಹೇಳಬೇಕಿಲ್ಲ. ಹದಿನಾರಕ್ಕೆ ಅವಳು ಸಸೆಕ್ಸ್‌ನ ಅಪ್‌ಪಾರ್ಕ್ ಎಂಬ ಬಂಗಲೆಯಲ್ಲಿದ್ದಳು. ಮಾಲೀಕ ಸರ್ ಹ್ಯಾರಿ ಫೆದರ್‌ಸ್ಟನ್‌ಹಾ. ಬೇಟೆ, ಕುದುರೆ, ಕುಡಿತ, ಗೆಳೆಯರ ಗದ್ದಲ. ಊಟದ ಮೇಜಿನ ಮೇಲೆ ಹತ್ತಿ ಕುಣಿದಳೆಂಬ ಕಥೆ ಆ ಮನೆಗೆ ಇಂದಿಗೂ ಅಂಟಿಕೊಂಡಿದೆ. 1781ರ ಕೊನೆಗೆ ಬಸಿರಾದಳು, ಸರ್ ಹ್ಯಾರಿ ಮನೆಯಿಂದ ಆಚೆ ಹಾಕಿದ. ಇದೇ ಸರ್ ಹ್ಯಾರಿ ಎಪ್ಪತ್ತು ದಾಟಿದ ಮೇಲೆ, 1825ರಲ್ಲಿ, ತನ್ನ ಹಾಲಿನ ಡೈರಿಯಲ್ಲಿ ಕೆಲಸಕ್ಕಿದ್ದ ಹುಡುಗಿಯನ್ನು ಕೈಹಿಡಿದು ಆ ಬಂಗಲೆಯ ಒಡತಿಯನ್ನಾಗಿ ಮಾಡಿದ ಎಂದು ಓದಿದಾಗ ನನಗೆ ನಗಬೇಕೋ ಹಲ್ಲು ಕಡಿಯಬೇಕೋ ತಿಳಿಯಲಿಲ್ಲ. ನಲವತ್ತು ವರ್ಷ ತಡವಾಗಿ ಬುದ್ಧಿ ಬಂದಿತ್ತೇನೋ ಮಹಾಶಯನಿಗೆ!

ಬೀದಿಪಾಲಾದ ಹುಡುಗಿ ಸರ್ ಹ್ಯಾರಿಯ ಗೆಳೆಯನೊಬ್ಬನಿಗೆ ಕಾಗದ ಬರೆದಳು. ಆ ಕಾಗದ ಉಳಿದಿದೆ. ಕಾಗುಣಿತದ ಗೊಡವೆಯೇ ಇಲ್ಲ. ಕಿವಿಗೆ ಕೇಳಿದ್ದನ್ನು ಹಾಗೆ ಹಾಗೇ ಇಳಿಸಿದ್ದಾಳೆ. ಈಗೇನು ಮಾಡಲಿ, ದೇವರೇ, ಏನು ಮಾಡಲಿ ಎಂದು ಬಡಬಡಿಸುವ ಹದಿನಾರರ ಹುಡುಗಿಯ ದನಿ ಎರಡು ಶತಮಾನ ದಾಟಿ ನೇರ ಕಿವಿಗೆ ಬೀಳುತ್ತದೆ. ಬದುಕಿನುದ್ದಕ್ಕೂ ಅವಳು ಹೀಗೇ ಬರೆದಳು. ರಾಣಿಯರ ಗೆಳತಿಯಾದ ಮೇಲೂ!

ಕಾಗದ ತಲುಪಿದ್ದು ಚಾರ್ಲ್ಸ್ ಗ್ರೆವಿಲ್‌ಗೆ. ಅರ್ಲ್ ಮನೆತನದ ಎರಡನೇ ಮಗ. ಹೆಸರು ದೊಡ್ಡದು, ಕೈಯಲ್ಲಿ ಕಾಸು ಕಡಿಮೆ. ಖನಿಜದ ಕಲ್ಲುಗಳನ್ನೂ ಅಪರೂಪದ ಗಿಡಗಳನ್ನೂ ಕೂಡಿಡುವ ಹುಚ್ಚು. ಇಲ್ಲಿ ಕಥೆ ನಿಲ್ಲಿಸಿ ಒಂದು ಮಾತು ಹೇಳಲೇಬೇಕು. ಕೊಡಗಿನ, ಚಿಕ್ಕಮಗಳೂರಿನ ಕಾಫಿ ತೋಟಗಳಲ್ಲಿ ಮೈತುಂಬ ಮೆಣಸಿನ ಬಳ್ಳಿ ಹಬ್ಬಿಸಿಕೊಂಡು ಮುಗಿಲಿಗೇರಿ ನಿಂತ ಸಿಲ್ವರ್ ಓಕ್ ಮರ ನೋಡಿದ್ದೀರಲ್ಲ? ಆಸ್ಟ್ರೇಲಿಯಾದಿಂದ ಬಂದ ಆ ಮರಕ್ಕೆ ಸಸ್ಯವಿಜ್ಞಾನಿಗಳು ಇಟ್ಟ ಹೆಸರು ಗ್ರೆವಿಲಿಯ ರೊಬಸ್ಟ. ಆ ಗ್ರೆವಿಲಿಯ ಈ ಗ್ರೆವಿಲ್‌ನ ನೆನಪಿಗೆ ಇಟ್ಟದ್ದು! ಏಮಿಯನ್ನು ಇಟ್ಟುಕೊಂಡು, ತಿದ್ದಿ ತೀಡಿ, ಕೊನೆಗೆ ಕೈದಾಟಿಸಿದವನ ಹೆಸರು ನಮ್ಮ ಮಲೆನಾಡಿನ ತೋಟ ತೋಟದಲ್ಲೂ ನೆರಳು ಕೊಡುತ್ತ ನಿಂತಿದೆ. ಇದನ್ನು ತಿಳಿದ ಮೇಲೆ ನನಗೆ ಸಿಲ್ವರ್ ಓಕ್ ಮೊದಲಿನ ಹಾಗೆ ಕಾಣುತ್ತಿಲ್ಲ.

ಗ್ರೆವಿಲ್ ಷರತ್ತು ಹಾಕಿದ. ಹಳೆಯ ಗೆಳೆಯರನ್ನೆಲ್ಲ ಬಿಡಬೇಕು. ಹೆಸರು ಬದಲಿಸಬೇಕು. ಹುಟ್ಟುವ ಮಗುವನ್ನು ಬೇರೆ ಕಡೆ ಬಿಡಬೇಕು. ಏಮಿ ಲಯನ್ ಎಮ್ಮಾ ಹಾರ್ಟ್ ಆದಳು. ಹೆಣ್ಣುಮಗು ಎಮ್ಮಾಳ ಅಜ್ಜಿಯ ಮಡಿಲು ಸೇರಿತು. ಊರಿನ ಅಂಚಿನಲ್ಲಿದ್ದ ಪ್ಯಾಡಿಂಗ್ಟನ್‌ನ ಎಜ್‌ವೇರ್ ಸಾಲಿನಲ್ಲಿ ಪುಟ್ಟ ಮನೆ. ಅಮ್ಮ ಮೇರಿಯನ್ನೂ ಕರೆಸಿಕೊಂಡಳು. ಅಲ್ಲಿಂದ ಮುಂದೆ ಆ ಅಮ್ಮ ಮಗಳ ಕೈ ಬಿಡಲೇ ಇಲ್ಲ. ಪ್ಯಾಡಿಂಗ್ಟನ್‌ನಿಂದ ನೇಪಲ್ಸ್ ಅರಮನೆಯ ತನಕ, ಬಿರುಗಾಳಿಗೆ ಸಿಕ್ಕ ಹಡಗಿನ ತನಕ, ಮಗಳ ಬೆನ್ನಿಗೇ ಇದ್ದಳು. ಎಮ್ಮಾಳ ಬಗ್ಗೆ ಬರೆದವರೆಲ್ಲ ಗಂಡಸರನ್ನು ಎಣಿಸುತ್ತಾರೆ. ಕೊನೆಯವರೆಗೂ ಬಿಡದೆ ಜೊತೆಗಿದ್ದವಳು ಈ ಅಮ್ಮ ಎಂಬುದು ಹೇಗೋ ಅಡಿಟಿಪ್ಪಣಿಗೆ ಸರಿದುಬಿಡುತ್ತದೆ.

ಗ್ರೆವಿಲ್ ಅವಳನ್ನು ಚಿತ್ರಕಾರ ಜಾರ್ಜ್ ರೋಮ್ನಿಯ ಮನೆಗೆ ಕರೆದೊಯ್ದ. ಚಿತ್ರ ಬರೆಸಿ ಮಾರುವ ಲೆಕ್ಕವೂ ಅದರಲ್ಲಿತ್ತು. ರೋಮ್ನಿ ಅವಳನ್ನು ನೋಡಿದ್ದೇ ತಡ, ಬೇರೆ ಗಿರಾಕಿಗಳನ್ನು ಮರೆತ! ಮಾಂತ್ರಿಕ ಹೆಣ್ಣು ಸರ್ಸಿಯಾಗಿ, ರಾಟೆಯಲ್ಲಿ ನೂಲು ತೆಗೆಯುವ ಹುಡುಗಿಯಾಗಿ, ಬಾಕಸ್ ದೇವನ ದಾಸಿಯಾಗಿ, ಟ್ರಾಯ್ ನಗರದ ಕಸಾಂಡ್ರಳಾಗಿ ಬರೆದ, ಬರೆದ, ಮತ್ತೆ ಬರೆದ. ಅವಳು ಎದುರಿಗಿಲ್ಲದ ವರ್ಷಗಳಲ್ಲೂ ನೆನಪಿನಿಂದ ಬರೆದ. ಹತ್ತಾರು ಕ್ಯಾನ್ವಾಸುಗಳಲ್ಲಿ ಅದೇ ಮುಖ. ಇಂದು ಲಂಡನ್ನಿನಿಂದ ಅಮೆರಿಕದವರೆಗಿನ ಗ್ಯಾಲರಿಗಳಲ್ಲಿ ಅವು ಹಂಚಿಹೋಗಿವೆ.

ಆ ಚಿತ್ರಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಬೇಕು. ಮೂಗು ಅದೇ, ತುಟಿ ಅದೇ, ಆದರೆ ಒಬ್ಬಳಂತೆ ಇನ್ನೊಬ್ಬಳಿಲ್ಲ. ಚೆಲುವು ರೋಮ್ನಿಯ ಕುಂಚದಲ್ಲಿತ್ತೆಂದರೆ ಅವನ ಬೇರೆ ಮಾದರಿಗಳೂ ಹೀಗೇ ಹೊಳೆಯಬೇಕಿತ್ತಲ್ಲ? ಗಂಟೆಗಟ್ಟಲೆ ಅಲುಗದೆ ಕೂತು, ತಲೆ ಎಷ್ಟು ವಾಲಿಸಿದರೆ ದುಃಖ, ಎಷ್ಟು ಎತ್ತಿದರೆ ಗರ್ವ ಎಂದು ಅವಳು ಕಲಿಯುತ್ತಿದ್ದಳು. ಅಕ್ಷರ ನೆಟ್ಟಗೆ ಬಾರದ ಹುಡುಗಿಗೆ ಇದೇ ಶಾಲೆ. ರೂಪ ಅವಳಿಗೆ ಹುಟ್ಟಿನಿಂದ ಬಂದದ್ದು ಹೌದು. ಆದರೆ ಅದರಿಂದ ಅವಳು ಏನು ಮಾಡಿದಳೋ ಅದು ಶುದ್ಧ ದುಡಿಮೆ. ಅಪ್ಪ ಕಬ್ಬಿಣವನ್ನು ಬಡಿದಂತೆ ಮಗಳು ತನ್ನನ್ನೇ ಕಾಯಿಸಿ ಬಡಿದುಕೊಂಡಳು.

ಅಷ್ಟರಲ್ಲಿ ಗ್ರೆವಿಲ್‌ನ ಸಾಲ ಬೆಳೆದಿತ್ತು. ಹಣವಂತ ಮನೆಯ ಹೆಣ್ಣನ್ನು ಮದುವೆಯಾಗುವುದೊಂದೇ ದಾರಿ. ಎಮ್ಮಾ ಅಡ್ಡಿ. ಏನು ಮಾಡಿದ ಗೊತ್ತೇ? ನೇಪಲ್ಸ್‌ನಲ್ಲಿ ರಾಯಭಾರಿಯಾಗಿದ್ದ ತನ್ನ ಸೋದರಮಾವ ಸರ್ ವಿಲಿಯಂ ಹ್ಯಾಮಿಲ್ಟನ್‌ಗೆ ಅವಳನ್ನು ಸಾಗಹಾಕಿದ! ಮಾವ ವಿಧುರ, ಗ್ರೀಕ್ ಹೂಜಿಗಳ ಸಂಗ್ರಾಹಕ, ವಿಸೂವಿಯಸ್ ಬೆಟ್ಟವನ್ನು ಹತ್ತಾರು ಬಾರಿ ಹತ್ತಿ ಜ್ವಾಲಾಮುಖಿಯ ಬಗ್ಗೆ ಹೆಸರಾಂತ ಪುಸ್ತಕ ಬರೆದವನು. ಅವನು ಕೂಡಿಹಾಕಿದ ಮೊದಲ ಹೂಜಿ ಸಂಗ್ರಹವನ್ನು 1772ರಲ್ಲಿ ಬ್ರಿಟಿಷ್ ಮ್ಯೂಸಿಯಂ 8,400 ಪೌಂಡ್ ಕೊಟ್ಟು ಕೊಂಡಿತ್ತು. ಸುಂದರವಾದದ್ದನ್ನು ಸಂಗ್ರಹಿಸುವವನಿಗೆ ಇನ್ನೊಂದು ಸುಂದರ ವಸ್ತು ಎಂಬುದು ಸೋದರಳಿಯನ ಲೆಕ್ಕ. ಮಾವನ ಆಸ್ತಿಗೆ ತಾನೇ ವಾರಸುದಾರ, ಅವನು ಮತ್ತೆ ಮದುವೆಯಾಗದಿದ್ದರೆ ತನಗೇ ಒಳ್ಳೆಯದು ಎಂಬುದು ಲೆಕ್ಕದೊಳಗಿನ ಲೆಕ್ಕ.

ಎಮ್ಮಾಳಿಗೆ ಇದಾವುದೂ ಗೊತ್ತಿಲ್ಲ. ಇಟಲಿ ನೋಡಿಕೊಂಡು ಬಾ, ಶರತ್ಕಾಲಕ್ಕೆ ನಾನೂ ಬರುತ್ತೇನೆ ಎಂದಿದ್ದ ಅವನು. ಅಮ್ಮನೊಂದಿಗೆ ಅವಳು ನೇಪಲ್ಸ್ ಮುಟ್ಟಿದ್ದು 1786ರ ಏಪ್ರಿಲ್‌ನಲ್ಲಿ. ವಾರ ಕಳೆಯಿತು, ತಿಂಗಳು ಕಳೆಯಿತು. ಕಾಗದದ ಮೇಲೆ ಕಾಗದ ಬರೆದಳು. ಬೇಡಿಕೊಂಡಳು, ಅತ್ತಳು. ಕೊನೆಗೆ ಗ್ರೆವಿಲ್‌ನ ಉತ್ತರದಿಂದ ಅರ್ಥವಾಯಿತು, ತನ್ನನ್ನು ಕೈದಾಟಿಸಲಾಗಿದೆ ಎಂದು. ಆಗ ಅವಳು ಬರೆದ ಕಾಗದದಲ್ಲಿ ಬೆಂಕಿಯಿದೆ. ನನ್ನನ್ನು ಕೆಣಕಿದರೆ ನಿನ್ನ ಮಾವ ನನ್ನನ್ನು ಮದುವೆಯಾಗುವ ಹಾಗೆ ಮಾಡುತ್ತೇನೆ ಎಂಬ ಸವಾಲು!

ಮಾಡಿದಳು. ಐದು ವರ್ಷ ಹಿಡಿಯಿತು, ಮಾಡಿಯೇ ಮಾಡಿದಳು!

ಆ ಐದು ವರ್ಷಗಳಲ್ಲಿ ಅವಳು ಇಟಾಲಿಯನ್ ಕಲಿತಳು, ಫ್ರೆಂಚ್ ಕಲಿತಳು, ಸಂಗೀತದ ಮೇಷ್ಟರನ್ನಿಟ್ಟುಕೊಂಡು ದನಿ ಪಳಗಿಸಿದಳು. ಹ್ಯಾಮಿಲ್ಟನ್‌ನ ಹೂಜಿಗಳ ಮೇಲಿನ ಚಿತ್ರಗಳನ್ನು, ಭೂಮಿಯಡಿಯಿಂದ ಎದ್ದುಬರುತ್ತಿದ್ದ ಪಾಂಪೇಯ ಗೋಡೆ ಚಿತ್ರಗಳನ್ನು ನೋಡಿ ನೋಡಿ ಮೈಗಿಳಿಸಿಕೊಂಡಳು. ಶುರುವಿನಲ್ಲಿ ಹ್ಯಾಮಿಲ್ಟನ್ ಅವಳು ನಿಲ್ಲುವುದಕ್ಕೆಂದೇ ಆಳೆತ್ತರದ ಪೆಟ್ಟಿಗೆ ಮಾಡಿಸಿದ್ದನಂತೆ. ಒಳಗೆ ಕಪ್ಪು ಬಣ್ಣ, ಸುತ್ತ ಚಿನ್ನದ ಚೌಕಟ್ಟು. ಮೂಲೆ ಸೇರಿದ್ದ ಆ ಪೆಟ್ಟಿಗೆಯನ್ನು ಗಯಟೆ ಕಣ್ಣಾರೆ ಕಂಡು ಬರೆದಿದ್ದಾನೆ. ನನಗಂತೂ ಈ ವಿವರ ಓದಿ ರೋಮಾಂಚನವಾಯಿತು. ಸಂಗ್ರಾಹಕ ಅವಳನ್ನು ಚೌಕಟ್ಟಿನೊಳಗೆ ನಿಲ್ಲಿಸಲು ಹೊರಟಿದ್ದ. ಅವಳೋ ಚೌಕಟ್ಟಿನಿಂದ ಹೊರಗೆ ಕಾಲಿಟ್ಟು, ಎರಡು ಶಾಲು ಹಿಡಿದು, ಯುರೋಪಿನಲ್ಲಿ ಯಾರೂ ಕಾಣದ ಹೊಸದೊಂದು ಕಲೆಯನ್ನೇ ಕಟ್ಟಿಬಿಟ್ಟಳು!

ಮುಂದೆ ಮೆಮೊಯರ್ ಬರೆದು ಹೆಸರಾದ ಕೌಂಟೆಸ್ ದ ಬ್ವಾಞ್ ಚಿಕ್ಕವಳಿದ್ದಾಗ ಎಮ್ಮಾಳ ಪ್ರದರ್ಶನದಲ್ಲಿ ಮಗುವಿನ ಪಾತ್ರಕ್ಕೆ ನಿಲ್ಲುತ್ತಿದ್ದಳು. (ಈಕೆಯ ಗಂಡ ಬೇರಾರೂ ಅಲ್ಲ, ನಮ್ಮ ಮಹದಜಿ ಸಿಂಧಿಯಾನ ಸೈನ್ಯ ಕಟ್ಟಿಕೊಟ್ಟ ಸವಾಯ್ ಸೀಮೆಯ ದಳಪತಿ ಬೆನ್ವಾ ದ ಬ್ವಾಞ್. ಆ ಕಾಲದ ಜಗತ್ತು ಎಷ್ಟು ಚಿಕ್ಕದು!) ಒಂದು ಸಲ ಹುಡುಗಿ ಕೈಮುಗಿದು ಮಂಡಿಯೂರಿದ್ದಾಳೆ, ಎಮ್ಮಾ ದುಃಖದಿಂದ ಬಾಗಿ ನಿಂತಿದ್ದಾಳೆ. ಇದ್ದಕ್ಕಿದ್ದಂತೆ ಎಮ್ಮಾಳ ಕೈ ಹುಡುಗಿಯ ಕೂದಲು ಹಿಡಿದೆಳೆಯಿತು, ಇನ್ನೊಂದು ಕೈಯಲ್ಲಿ ಕಠಾರಿ! ಹುಡುಗಿ ನಿಜಕ್ಕೂ ಬೆಚ್ಚಿ ತಿರುಗಿದಳು. ನೋಡುತ್ತಿದ್ದವರು ಮಕ್ಕಳನ್ನು ಕೊಂದ ಮೆಡಿಯಾಳ ಹೆಸರು ಕೂಗಿ ಚಪ್ಪಾಳೆ ತಟ್ಟಿದರು. ಮರುಕ್ಷಣ ಎಮ್ಮಾ ಅದೇ ಹುಡುಗಿಯನ್ನು ಎದೆಗವಚಿಕೊಂಡು ಮುಗಿಲಿನ ದೇವರೊಂದಿಗೆ ಜಗಳಕ್ಕೆ ನಿಂತಂತೆ ಮುಖವೆತ್ತಿದಳು. ಮಕ್ಕಳನ್ನು ಕಳೆದುಕೊಂಡ ನಯೋಬಿ! ಕೊಲ್ಲುವ ತಾಯಿ, ಕಾಯುವ ತಾಯಿ, ನಡುವೆ ಒಂದೇ ಉಸಿರು. ತನ್ನ ಮೊದಲ ಮಗಳನ್ನು ದೂರದ ಊರಿನಲ್ಲಿ ಬಿಟ್ಟುಬಂದವಳು ಈ ಪಾತ್ರ ಮಾಡುತ್ತಿದ್ದಳೆಂಬುದು ಆ ಚಪ್ಪಾಳೆಯವರಿಗೆ ಗೊತ್ತಿತ್ತೋ ಇಲ್ಲವೋ.

1791ರ ಸೆಪ್ಟೆಂಬರ್ 6, ಲಂಡನ್ನಿನ ಮಾರಿಲಬನ್ ಚರ್ಚು. ವರನಿಗೆ ಅರವತ್ತು, ವಧುವಿಗೆ ಇಪ್ಪತ್ತಾರು. ದಾಖಲೆ ಪುಸ್ತಕದಲ್ಲಿ ಅವಳು ಎಮ್ಮಾ ಹಾರ್ಟ್ ಎಂದು ಸಹಿ ಹಾಕಲಿಲ್ಲ. ಹಾಕಿದ್ದು ಏಮಿ ಲಯನ್. ಆ ಹೊತ್ತಿನಲ್ಲಿ, ಅಷ್ಟು ದೊಡ್ಡವರ ನಡುವೆ, ಕಮ್ಮಾರನ ಮಗಳಾಗಿಯೇ ಮದುವೆಯಾದಳು. ಇಂಗ್ಲೆಂಡಿನ ರಾಣಿ ಷಾರ್ಲಟ್ ಅವಳನ್ನು ಆಸ್ಥಾನದೊಳಕ್ಕೆ ಬಿಟ್ಟುಕೊಳ್ಳಲಿಲ್ಲ. ನೇಪಲ್ಸ್‌ನ ರಾಣಿ ಮರಿಯಾ ಕರೊಲಿನಾ ಮಾತ್ರ ಅವಳನ್ನು ಆಪ್ತ ಗೆಳತಿ ಮಾಡಿಕೊಂಡಳು. ಈ ರಾಣಿ ಫ್ರಾನ್ಸಿನ ಮರೀ ಆಂಟ್ವನೆಟ್‌ಳ ಅಕ್ಕ. ಎರಡು ವರ್ಷದಲ್ಲಿ ತಂಗಿಯ ತಲೆ ಗಿಲೊಟಿನ್‌ಗೆ ಬಿತ್ತು. ಆಮೇಲೆ ನೇಪಲ್ಸ್ ರಾಣಿಗೂ ಬ್ರಿಟಿಷ್ ನೌಕಾಪಡೆಗೂ ನಡುವೆ ಓಡಾಡುವ ಗುಟ್ಟಿನ ಕಾಗದಗಳಿಗೆ ಎಮ್ಮಾಳೇ ಸೇತುವೆ.

ಇಲ್ಲಿಗೆ ಬರುತ್ತಾನೆ ಬ್ರಿಟಿಷ್ ನೌಕಾಪಡೆಯ ಅಡ್ಮಿರಲ್ ನೆಲ್ಸನ್.

ಹೊರೇಷಿಯೋ ನೆಲ್ಸನ್ ಮೊಟ್ಟಮೊದಲು ಗುಂಡಿನ ಸದ್ದು ಕೇಳಿದ ಕದನ ಯಾವುದು ಹೇಳಿ ನೋಡೋಣ. 1775ರಲ್ಲಿ, ನಮ್ಮ ಪಶ್ಚಿಮ ಕರಾವಳಿಯಾಚೆಯ ಕಡಲಿನಲ್ಲಿ, ಹೈದರಾಲಿಯ ಹಡಗುಗಳೆದುರು! ಸೀಹಾರ್ಸ್ ಎಂಬ ಹಡಗಿನಲ್ಲಿ ಹದಿನಾರರ ಹುಡುಗನಾಗಿದ್ದ ಆಗ. ಆಮೇಲೆ ಮಲೇರಿಯಾ ಹಿಡಿದು ಸಾಯುವಂತಾಗಿ ಊರಿಗೆ ಮರಳಿದ. ಹೈದರನ ಮಗ ಟಿಪ್ಪು ಫ್ರೆಂಚರ ನೆರವು ಕೇಳಿದ್ದು, 1798ರ ಏಪ್ರಿಲ್‌ನಲ್ಲಿ ಬೆರಳೆಣಿಕೆಯಷ್ಟು ಫ್ರೆಂಚ್ ಸೈನಿಕರು ಮಂಗಳೂರಿನಲ್ಲಿ ಇಳಿದದ್ದು ನಮಗೆ ಗೊತ್ತಿರುವ ಕಥೆ. ಅದೇ ಬೇಸಿಗೆಯಲ್ಲಿ ನೆಪೋಲಿಯನ್ ಈಜಿಪ್ಟಿಗೆ ಇಳಿದ. ಕಣ್ಣು ಭಾರತದ ಮೇಲೆ. ಆಗಸ್ಟ್ 1ರ ರಾತ್ರಿ ನೈಲ್ ನದಿಯ ಮುಖದಲ್ಲಿ ನೆಲ್ಸನ್ ಅವನ ನೌಕಾಪಡೆಯನ್ನು ನುಚ್ಚುನೂರು ಮಾಡಿದ. ಸುದ್ದಿ ಹೊತ್ತ ಅಧಿಕಾರಿಯೊಬ್ಬನನ್ನು ನೆಲ್ಸನ್ ನೆಲದ ದಾರಿಯಲ್ಲಿ ನೇರ ಮುಂಬಯಿಗೆ ಅಟ್ಟಿದ. ಈಸ್ಟ್ ಇಂಡಿಯಾ ಕಂಪನಿ ನೆಲ್ಸನ್‌ಗೆ 10,000 ಪೌಂಡ್ ಕಾಣಿಕೆ ಕೊಟ್ಟಿತು. ಸುಮ್ಮನೆ ಕೊಡುವವರೇ ಅವರು? ಒಂಬತ್ತು ತಿಂಗಳಲ್ಲಿ ಶ್ರೀರಂಗಪಟ್ಟಣ ಬಿತ್ತು.

ಎಮ್ಮಾಳ ಪಾತ್ರವೇನು ಇದರಲ್ಲಿ? ನೈಲ್ ಕದನಕ್ಕೆ ಮುನ್ನ ನೆಲ್ಸನ್‌ನ ಪಡೆ ನೀರು, ಆಹಾರ ತುಂಬಿಸಿಕೊಳ್ಳಲು ಸಿಸಿಲಿಯ ಸಿರಾಕ್ಯೂಸ್ ಬಂದರಿಗೆ ಹೋಯಿತು. ನೇಪಲ್ಸ್ ರಾಜ್ಯ ಆಗ ಫ್ರೆಂಚರಿಗೆ ಹೆದರಿ ತಟಸ್ಥವಾಗಿತ್ತು. ಬಂದರು ತೆರೆದದ್ದು ಎಮ್ಮಾ ರಾಣಿಯ ಮೇಲೆ ಬೀರಿದ ಪ್ರಭಾವದಿಂದ, ಅದಿಲ್ಲದಿದ್ದರೆ ತಾನು ಮತ್ತೆ ಈಜಿಪ್ಟಿಗೆ ಹೋಗಲು ಆಗುತ್ತಿರಲಿಲ್ಲ ಎಂದು ನೆಲ್ಸನ್ ತನ್ನ ಉಯಿಲಿನಲ್ಲೇ ಬರೆದಿದ್ದಾನೆ. ಇತಿಹಾಸಕಾರರು ಇದನ್ನು ಪೂರ್ತಿ ಒಪ್ಪುವುದಿಲ್ಲ. ಪ್ರೀತಿಸುವ ಗಂಡಸಿನ ಉತ್ಪ್ರೇಕ್ಷೆಯೂ ಇದ್ದೀತು. ಆದರೂ ಒಂದು ಕ್ಷಣ ಯೋಚಿಸಿ. ನೇಪಲ್ಸ್‌ನಲ್ಲಿ ಒಬ್ಬ ಕಮ್ಮಾರನ ಮಗಳು ರಾಣಿಯ ಕಿವಿಯಲ್ಲಿ ಹೇಳಿದ ಮಾತಿಗೂ ಕಾವೇರಿ ತೀರದ ಕೋಟೆಗೂ ನಡುವೆ ಸಣ್ಣದೊಂದು ನೂಲು ಹಾದುಹೋಗಿರಬಹುದು. ಮೈ ಜುಮ್ಮೆನ್ನುವುದಿಲ್ಲವೇ?

ಸೆಪ್ಟೆಂಬರ್ 22ಕ್ಕೆ ನೆಲ್ಸನ್ ನೇಪಲ್ಸ್‌ಗೆ ಬಂದ. ಐದು ವರ್ಷದ ಹಿಂದೆ ಒಮ್ಮೆ ಭೇಟಿಯಾಗಿದ್ದಾಗ ಮೈ ಗಟ್ಟಿಯಿದ್ದ ಮನುಷ್ಯ. ಈಗ ಬಲಗೈ ಇಲ್ಲ, ಬಲಗಣ್ಣಿನ ದೃಷ್ಟಿ ಇಲ್ಲ, ಹಣೆಯಲ್ಲಿ ಹಸಿ ಗಾಯ. ಎಮ್ಮಾ ದೋಣಿಯಿಂದ ಹಡಗು ಹತ್ತಿದವಳೇ ದೇವರ ಹೆಸರು ಕೂಗಿ ಅವನ ಉಳಿದ ಒಂದು ತೋಳಿನ ಮೇಲೆ ಬಿದ್ದುಬಿಟ್ಟಳು. ಇದನ್ನು ನೆಲ್ಸನ್ ತನ್ನ ಹೆಂಡತಿಗೇ ಕಾಗದ ಬರೆದು ವರ್ಣಿಸಿದ್ದಾನೆ, ಪುಣ್ಯಾತ್ಮ! ವಾರದೊಳಗೆ ಅವನಿಗೆ ನಲವತ್ತು ತುಂಬಿತು. ಹ್ಯಾಮಿಲ್ಟನ್‌ರ ಮನೆಯಲ್ಲಿ ಊಟಕ್ಕೆ 80 ಜನ, ನೃತ್ಯಕೂಟಕ್ಕೆ 1,740 ಜನ ಎಂದು ಅವನೇ ಲೆಕ್ಕ ಕೊಟ್ಟಿದ್ದಾನೆ.

ಡಿಸೆಂಬರ್ ಹೊತ್ತಿಗೆ ಫ್ರೆಂಚರು ನೇಪಲ್ಸ್‌ನತ್ತ ನುಗ್ಗಿದರು. ರಾಜಮನೆತನವನ್ನು ರಾತ್ರೋರಾತ್ರಿ ನೆಲ್ಸನ್‌ನ ವ್ಯಾನ್‌ಗಾರ್ಡ್ ಹಡಗಿಗೆ ಹತ್ತಿಸುವ ಗುಟ್ಟಿನ ಏರ್ಪಾಡಿನಲ್ಲಿ ಎಮ್ಮಾ ಮುಂದೆ. ಪಲೆರ್ಮೋಗೆ ಹೊರಟ ಹಡಗು ತಾನು ಕಂಡದ್ದರಲ್ಲೇ ಭೀಕರ ಬಿರುಗಾಳಿಗೆ ಸಿಕ್ಕಿತೆಂದು ನೆಲ್ಸನ್ ಬರೆದ. ಸರ್ ವಿಲಿಯಂ ಕ್ಯಾಬಿನ್ನಿನಲ್ಲಿ ಎರಡೂ ಕೈಯಲ್ಲಿ ಗುಂಡು ತುಂಬಿದ ಪಿಸ್ತೂಲು ಹಿಡಿದು ಕೂತಿದ್ದನಂತೆ. ಹಡಗು ಮುಳುಗಿದರೆ ಗಂಟಲಿಗೆ ಉಪ್ಪುನೀರು ಗುಳುಗುಳು ನುಗ್ಗುವುದಕ್ಕಿಂತ ಗುಂಡೇ ಮೇಲು ಎಂದು! ಎಮ್ಮಾ ಮತ್ತು ಅವಳಮ್ಮ ಮಾತ್ರ ರಾಜಕುಟುಂಬದ ಆರೈಕೆಯಲ್ಲಿ ಮುಳುಗಿದ್ದರು. ಕ್ರಿಸ್‌ಮಸ್ ದಿನ ಆರು ವರ್ಷದ ರಾಜಕುಮಾರ ಎಮ್ಮಾಳ ತೋಳಿನಲ್ಲೇ ಪ್ರಾಣ ಬಿಟ್ಟ. ಅದೇ ತಿಂಗಳು ಸರ್ ವಿಲಿಯಂನ ಎರಡನೇ ಹೂಜಿ ಸಂಗ್ರಹವನ್ನು ಹೊತ್ತು ಇಂಗ್ಲೆಂಡಿಗೆ ಹೊರಟಿದ್ದ ಕೊಲೊಸಸ್ ಎಂಬ ಹಡಗು ಸಿಲ್ಲಿ ದ್ವೀಪಗಳ ಬಳಿ ಮುಳುಗಿತು. 1970ರ ದಶಕದಲ್ಲಿ ಮುಳುಗುಗಾರರು ಆ ಕಡಲ ತಳದಿಂದ ಚೂರು ಚೂರು ಹೂಜಿಗಳನ್ನು ಹೆಕ್ಕಿ ತಂದರು.

ಬೆರಗಿನ ನಡುವೆ ಒಂದು ಕರಾಳ ಅಧ್ಯಾಯವನ್ನು ಮುಚ್ಚಿಡಲಾರೆ. 1799ರ ಜೂನ್‌ನಲ್ಲಿ ನೆಲ್ಸನ್ ನೇಪಲ್ಸ್‌ಗೆ ಮರಳಿ ಅಲ್ಲಿನ ಗಣರಾಜ್ಯವಾದಿಗಳಿಗೆ ಕೊಟ್ಟಿದ್ದ ಶರಣಾಗತಿಯ ಒಪ್ಪಂದವನ್ನು ಒಪ್ಪಲಿಲ್ಲ. ಅವರ ಕಡೆಗಿದ್ದ ನೌಕಾಧಿಪತಿ ಕರಚ್ಚೊಲೊನನ್ನು ವಿಚಾರಣೆಯ ಬೆನ್ನಲ್ಲೇ ಹಡಗಿನ ಕಂಬಕ್ಕೆ ನೇತುಹಾಕಿಸಿದ. ಆಮೇಲೆ ರಾಜನ ಆಳ್ವಿಕೆ ಕವಿಗಳನ್ನು, ವೈದ್ಯರನ್ನು, ಪತ್ರಿಕೆ ನಡೆಸುತ್ತಿದ್ದ ಎಲೆನೋರಾ ಫೊನ್ಸೆಕಾಳನ್ನು ಗಲ್ಲಿಗೇರಿಸಿತು. ಎಮ್ಮಾ ಆಗ ನೆಲ್ಸನ್‌ನ ದುಭಾಷಿ, ರಾಣಿಯ ಪ್ರತಿನಿಧಿ. ಬಡತನದಿಂದ ಬಂದವಳು ಬಡವರ ಪರ ನಿಲ್ಲುತ್ತಾಳೆಂಬ ನಮ್ಮ ಆಸೆಗೆ ಅವಳು ಸಿಗುವುದಿಲ್ಲ. ಅವಳು ರಾಣಿಯ ಕಡೆಯವಳು, ಮನಸಾರೆ.

1800ರಲ್ಲಿ ಮೂವರೂ ನೆಲದ ದಾರಿಯಲ್ಲಿ ಊರಿಗೆ ಹೊರಟರು. ಹೌದು, ಮೂವರೂ! ಮುದುಕ ಗಂಡ, ಹೆಂಡತಿ, ಹೆಂಡತಿಯ ಪ್ರಿಯಕರ. ಗಂಡನಿಗೆ ನೆಲ್ಸನ್ ಎಂದರೆ ಪ್ರಾಣ. ದಾರಿಯಲ್ಲಿ ಐಸೆನ್‌ಷ್ಟಾಟ್ ಅರಮನೆಯಲ್ಲಿ ಸಂಗೀತಗಾರ ಹೈಡನ್ ಸಿಕ್ಕ. ಅವನು ಪಿಯಾನೊ ನುಡಿಸಿದ, ಎಮ್ಮಾ ಹಾಡಿದಳು. ಅವಳಿಗಾಗಿಯೇ ನೈಲ್ ಕದನದ ಪದ್ಯಕ್ಕೆ ಅವನು ರಾಗ ಹಾಕಿಕೊಟ್ಟ.

ಇಂಗ್ಲೆಂಡಿಗೆ ಕಾಲಿಟ್ಟಾಗ ಅವಳಿಗೆ ದಿನ ತುಂಬುತ್ತ ಬಂದಿತ್ತು. 1801ರ ಜನವರಿ ಕೊನೆಗೆ ಲಂಡನ್ನಿನ ಪಿಕಡಿಲಿಯ ಮನೆಯಲ್ಲಿ ಹೊರೇಷಿಯಾ ಹುಟ್ಟಿದಳು. ಕೂಸನ್ನು ದಾದಿಯೊಬ್ಬಳ ಮನೆಗೆ ಸಾಗಿಸಲಾಯಿತು. ಕಡಲಿನಲ್ಲಿದ್ದ ನೆಲ್ಸನ್ ಕಾಗದ ಬರೆಯುವುದು ಹೇಗೆ? ಟಪಾಲು ಯಾರ ಕೈಗೂ ಬೀಳಬಹುದಲ್ಲ! ಥಾಂಪ್ಸನ್ ಎಂಬ ನಾವಿಕನನ್ನು ಇಬ್ಬರೂ ಸೃಷ್ಟಿಸಿದರು. ಪಾಪದ ಥಾಂಪ್ಸನ್ ನನ್ನ ಹಡಗಿನಲ್ಲಿದ್ದಾನೆ, ಹೆಂಡತಿಯ ಹೆರಿಗೆ ಸುದ್ದಿ ಕೇಳಿ ಹುಚ್ಚನಂತಾಗಿದ್ದಾನೆ, ಅವಳಿಗೆ ಹೀಗೆ ಹೇಳಿ ಎಂದು ಅಡ್ಮಿರಲ್ ಬರೆಯುವುದು. ಶ್ರೀಮತಿ ಥಾಂಪ್ಸನ್‌ಳ ಪರವಾಗಿ ಎಮ್ಮಾ ಉತ್ತರಿಸುವುದು. ನಡುನಡುವೆ ಅವನು ಮೈಮರೆತು ಥಾಂಪ್ಸನ್‌ನನ್ನು ಬಿಟ್ಟು ತನ್ನ ದನಿಯಲ್ಲೇ ಬರೆದುಬಿಡುತ್ತಾನೆ! ನೆಪೋಲಿಯನ್‌ನನ್ನು ಬೆದರಿಸಿದವನ ಗುಟ್ಟು ಕಾಯುವ ಶಕ್ತಿ ಇಷ್ಟೇ. ಊರಿಗೆಲ್ಲ ಗೊತ್ತಿತ್ತು ಬಿಡಿ. ಮಗು ಹುಟ್ಟಿದ ವಾರದಲ್ಲೇ ವ್ಯಂಗ್ಯಚಿತ್ರಕಾರ ಗಿಲ್ರೇ ಒಂದು ಚಿತ್ರ ಬಿಟ್ಟ. ಮೈ ಬಂದ ಎಮ್ಮಾ ಕಿಟಕಿಯಲ್ಲಿ ಕೈಯೆತ್ತಿ ಗೋಳಾಡುತ್ತಾಳೆ, ದೂರದಲ್ಲಿ ಹಡಗುಗಳು ಹೊರಟಿವೆ, ಹಿಂದೆ ಮಂಚದಲ್ಲಿ ಮುದುಕ ಗಂಡ ಗಡದ್ದಾಗಿ ಮಲಗಿದ್ದಾನೆ. ಲಂಡನ್ನಿನ ಬೀದಿಯೆಲ್ಲ ನಕ್ಕಿತು.

ನೆಲ್ಸನ್ 1801ರಲ್ಲಿ 9,000 ಪೌಂಡಿಗೆ ಮೆರ್ಟನ್ ಎಂಬಲ್ಲಿ ಮನೆ ಕೊಂಡ. ಅಂಗಳದಲ್ಲಿ ಹರಿಯುವ ಸಣ್ಣ ಕಾಲುವೆಗೆ ನೈಲ್ ಎಂದೇ ಹೆಸರು. 1803ರ ಏಪ್ರಿಲ್‌ನಲ್ಲಿ ಸರ್ ವಿಲಿಯಂ ತೀರಿಕೊಂಡ, ಹೆಂಡತಿಯ ತೋಳಿನಲ್ಲಿ, ನೆಲ್ಸನ್‌ನ ಕೈ ಹಿಡಿದು. ಎಮ್ಮಾಳಿಗೆ ವರ್ಷಕ್ಕೆ 800 ಪೌಂಡ್ ಬಿಟ್ಟ. ಉಳಿದ ಆಸ್ತಿ ಯಾರಿಗೆ? ಇನ್ಯಾರಿಗೆ, ಸಿಲ್ವರ್ ಓಕ್ ಗ್ರೆವಿಲ್‌ಗೆ.

1805ರ ಸೆಪ್ಟೆಂಬರ್ 12ರಂದು ಲಂಡನ್ನಿನ ಸರ್ಕಾರಿ ಕಚೇರಿಯ ಕಾಯುವ ಕೋಣೆಯಲ್ಲಿ ನೆಲ್ಸನ್‌ಗೆ ಒಬ್ಬ ಸೇನಾಧಿಕಾರಿ ಸಿಕ್ಕ. ಭಾರತದಿಂದ ಆಗಷ್ಟೇ ಮರಳಿದ್ದವನು, ಟಿಪ್ಪುವಿನ ನಂತರ ಶ್ರೀರಂಗಪಟ್ಟಣವನ್ನು ಆಳಿದವನು, ಮುಂದೆ ವಾಟರ್ಲೂ ಗೆಲ್ಲಲಿದ್ದ ಆರ್ಥರ್ ವೆಲ್ಲೆಸ್ಲಿ. ಅದೇ ಮೊದಲು, ಅದೇ ಕೊನೆ. ಮರುದಿನ ರಾತ್ರಿ ನೆಲ್ಸನ್ ಮೆರ್ಟನ್ ಬಿಟ್ಟು ಕಡಲಿಗೆ ಹೊರಟ. ಅಕ್ಟೋಬರ್ 21ರ ಬೆಳಿಗ್ಗೆ, ಟ್ರಫಾಲ್ಗರ್‌ನಲ್ಲಿ ಶತ್ರುವಿನ ಹಡಗುಗಳು ಕಣ್ಣಿಗೆ ಬಿದ್ದಾಗ, ಕೂತು ಉಯಿಲಿಗೆ ಇನ್ನೊಂದು ಪುಟ ಸೇರಿಸಿದ. ಎಮ್ಮಾಳನ್ನೂ ಹೊರೇಷಿಯಾಳನ್ನೂ ನನ್ನ ರಾಜನಿಗೂ ದೇಶಕ್ಕೂ ಒಪ್ಪಿಸುತ್ತಿದ್ದೇನೆ, ನೋಡಿಕೊಳ್ಳಿ ಎಂದು. ಇಬ್ಬರು ಕ್ಯಾಪ್ಟನ್‌ಗಳು ಸಾಕ್ಷಿ ಹಾಕಿದರು. ಸಂಜೆಗೆ ಅವನಿಲ್ಲ.

ದೇಶ ಏನು ಮಾಡಿತು? ನೆಲ್ಸನ್‌ನ ಪಾದ್ರಿ ಅಣ್ಣನನ್ನು ಅರ್ಲ್ ಮಾಡಿ ವರ್ಷಕ್ಕೆ 5,000 ಪೌಂಡ್ ಕೊಟ್ಟಿತು. ದೂರವಾಗಿದ್ದ ಹೆಂಡತಿಗೆ 2,000. ಎಮ್ಮಾಳಿಗೆ ಸೊನ್ನೆ. ಶವಯಾತ್ರೆಗೂ ಕರೆಯಲಿಲ್ಲ.

ಹಾಗೆಂದು ಅವಳು ಒಮ್ಮೆಗೇ ಬೀದಿಗೆ ಬಿದ್ದಳೆಂದಲ್ಲ. ನೆಲ್ಸನ್ ಬಿಟ್ಟ ಮೆರ್ಟನ್ ಮನೆ, ವರ್ಷಕ್ಕೆ 500 ಪೌಂಡ್, ಗಂಡ ಬಿಟ್ಟ 800 ಇತ್ತು. ಕೈ ಮಾತ್ರ ನಿಲ್ಲುತ್ತಿರಲಿಲ್ಲ. ಔತಣ, ಜೂಜು, ಕೇಳಿದವರಿಗೆಲ್ಲ ಕೊಡುವ ಚಾಳಿ. 1809ಕ್ಕೆ ಮೆರ್ಟನ್ ಹೋಯಿತು. 1810ರಲ್ಲಿ ಅಮ್ಮ ಹೋದಳು, ಅದೇ ದೊಡ್ಡ ಪೆಟ್ಟು. 1813ರಲ್ಲಿ ಸಾಲಗಾರರ ಸೆರೆ. ಸಾಲಕ್ಕೆ ಒತ್ತೆಯಾಗಿ ಕೊಟ್ಟ ವಸ್ತುಗಳಲ್ಲಿ ನೆಲ್ಸನ್ ಟ್ರಫಾಲ್ಗರ್‌ನಲ್ಲಿ ತೊಟ್ಟಿದ್ದ, ಎಡಹೆಗಲಲ್ಲಿ ಗುಂಡಿನ ತೂತಿದ್ದ ಕೋಟೂ ಇತ್ತು. ಅದನ್ನು 1845ರಲ್ಲಿ ವಿಕ್ಟೋರಿಯಾ ರಾಣಿಯ ಗಂಡ ಆಲ್ಬರ್ಟ್ 150 ಪೌಂಡಿಗೆ ಕೊಂಡು ದೇಶಕ್ಕೆ ಕೊಟ್ಟ. ಈಗ ಗ್ರೀನಿಚ್ ಮ್ಯೂಸಿಯಮ್ಮಿನಲ್ಲಿ ಅದರ ಮುಂದೆ ಜನ ಸಾಲುಗಟ್ಟುತ್ತಾರೆ.

1814ರ ಜುಲೈನಲ್ಲಿ ಮಗಳನ್ನು ಕರೆದುಕೊಂಡು ಫ್ರಾನ್ಸಿನ ಕಲೇಗೆ ಓಡಿಹೋದಳು. ಕುಡಿತ ಹೆಚ್ಚಿತ್ತು, ಮೈ ಸೋತಿತ್ತು. 1815ರ ಜನವರಿ 15ರಂದು ಸತ್ತಳು, ಐವತ್ತು ತುಂಬುವ ಮೊದಲೇ. ಹದಿಮೂರರ ಹೊರೇಷಿಯಾ ಕೊನೆಯವರೆಗೂ ಆರೈಕೆ ಮಾಡಿದಳು. ಹೂಳಿದ ಸ್ಮಶಾನವೇ ಮುಂದೆ ಅಳಿಸಿಹೋಯಿತು. ಯುರೋಪು ಅಷ್ಟೊಂದು ಬಾರಿ ಚಿತ್ರಿಸಿದ ಆ ಹೆಣ್ಣಿಗೆ ಕಲೇ ಊರಿನಲ್ಲಿ ಒಂದು ಸ್ಮಾರಕ ಎದ್ದದ್ದು 1994ರಲ್ಲಿ.

ಹೊರೇಷಿಯಾ ಪಾದ್ರಿಯೊಬ್ಬನನ್ನು ಮದುವೆಯಾಗಿ ಹತ್ತು ಮಕ್ಕಳನ್ನು ಹೆತ್ತು 1881ರವರೆಗೆ ಬದುಕಿದಳು. ನೆಲ್ಸನ್ ತನ್ನ ಅಪ್ಪ ಎಂದು ಒಪ್ಪಿದಳು. ಎಮ್ಮಾ ತನ್ನ ಅಮ್ಮ ಎಂದು ಸಾಯುವವರೆಗೂ ಒಪ್ಪಲಿಲ್ಲ. ಎಮ್ಮಾಳ ಪಾತ್ರವನ್ನು 1941ರ ಸಿನಿಮಾದಲ್ಲಿ ಮಾಡಿದವಳು ಡಾರ್ಜಿಲಿಂಗ್‌ನಲ್ಲಿ ಹುಟ್ಟಿದ ವಿವಿಯನ್ ಲೀ. ಆ ಸಿನಿಮಾವನ್ನು ಚರ್ಚಿಲ್ ಮತ್ತೆ ಮತ್ತೆ ಹಾಕಿಸಿಕೊಂಡು ನೋಡಿದ. ಅವನು ಹಾಗೆ ಪರದೆಯ ಮುಂದೆ ಕೂತು ಕಣ್ಣೊರೆಸಿಕೊಳ್ಳುತ್ತಿದ್ದ ದಿನಗಳಲ್ಲೂ ನೆಲ್ಸನ್‌ನ ಅಣ್ಣನ ಬಿರುದು ಪಡೆದ ವಂಶಕ್ಕೆ ಬ್ರಿಟಿಷ್ ಖಜಾನೆಯಿಂದ ವರ್ಷ ವರ್ಷ 5,000 ಪೌಂಡ್ ತಪ್ಪದೆ ಹೋಗುತ್ತಿತ್ತು! ಅದಕ್ಕೆ ಕೊನೆ ಹಾಡಲು ಪಾರ್ಲಿಮೆಂಟು ಕಾನೂನು ತಂದದ್ದು 1947ರಲ್ಲಿ, ನಮ್ಮನ್ನು ಬಿಟ್ಟು ಹೊರಟ ವರ್ಷವೇ.